ಅಕ್ಕ ಮಲಗಿ ನೋಡಿದ ಹಾಸಿಗೆಗಳು

ಮಗಳು ಮದುವೆಯ ವಿಷಯ ತೆಗೆದಾಗ ಟೈಮಣ್ಣನಿಗೆ ಹುಡುಗನ ಬಗ್ಗೆ ತಕರಾರಿರಲಿಲ್ಲ. ತಕರಾರೆಲ್ಲ ಜಾಗದ ಬಗ್ಗೆ.

“ನಮ್ಮ ಕಡೆಯವರೇ ನೂರು ಜನ ಆಗ್ತಾರೆ. ಅಷ್ಟು ಜನಾನ ರೈಲಲ್ಲಿ ಕರ್ಕೊಂಡು ಹೋಗಿ, ದೋಣಿ ಹತ್ತಿಸಿ, ದ್ವೀಪದಲ್ಲಿ ಇಳಿಸಿ ಮದುವೆ ಮಾಡೋದಾ? ಪಕ್ಕದ ಬೀದೀಲೇ ಹಾಲ್ ಇದೆಯಲ್ಲಮ್ಮ.”

“ದೋಣಿ ಅಲ್ಲಪ್ಪ, ಫೆರಿ,” ಎಂದಳು ಮಗಳು. ಅವಳಿಗೆ ಆ ವ್ಯತ್ಯಾಸ ಮುಖ್ಯ. ಫೆರಿ ಓಡಿಸುವುದೇ ಅವಳ ಕೆಲಸ. ಒಂದು ರಾತ್ರಿಯ ರೈಲು ಪ್ರಯಾಣದಷ್ಟು ದೂರದ ಕಡಲ ದಡದಿಂದ ಎದುರಿನ ದ್ವೀಪಕ್ಕೆ ದಿನವೂ ಜನರನ್ನು, ಹಾಲನ್ನು, ಔಷಧಿಯನ್ನು, ಅಂಚೆ ಚೀಲಗಳನ್ನು ದಾಟಿಸುತ್ತಿದ್ದಳು. ಮದುವೆಯಾಗಲಿದ್ದ ಹುಡುಗ ಅದೇ ದ್ವೀಪದಲ್ಲಿ ಎಂಜಿನ್ ರಿಪೇರಿ ಮಾಡುವವನು. ಅವನಿಗೆ ಇದ್ದವಳು ತಾಯಿ ಒಬ್ಬಳೇ. ಅವಳು ಅಲ್ಲಿನ ಅಂಚೆ ಕಚೇರಿಯಲ್ಲಿದ್ದಳು.

“ಮದುವೆ ಇಲ್ಲಿ ಇಟ್ಕೊಂಡ್ರೆ ಅಲ್ಲಿಂದ ಯಾರೂ ಬರೋಕಾಗಲ್ಲ ಅಪ್ಪ. ಫೆರಿ ನಿಲ್ಲೋ ಹಾಗಿಲ್ಲ. ಏಳು ವರ್ಷದಿಂದ ನನ್ನ ನೋಡ್ಕೊಂಡವರು ಅವರು. ಜ್ವರ ಬಂದಾಗ ಗಂಜಿ ಮಾಡಿ ಕೊಟ್ಟವರು. ಅವರನ್ನ ಬಿಟ್ಟು ಹೇಗೆ ಮದುವೆ ಆಗ್ಲಿ?”

ಟೈಮಣ್ಣ ನಗರ ಬಸ್ ಡಿಪೋದಲ್ಲಿ ವೇಳಾಪಟ್ಟಿ ಬರೆಯುತ್ತ ಸೇವೆ ಮುಗಿಸಿದವನು. ಹೆಸರು ಬಂದದ್ದೂ ಅಲ್ಲಿಂದಲೇ. ಯಾವ ಬಸ್ಸು ಎಲ್ಲಿಂದ ಯಾವಾಗ ಹೊರಡಬೇಕೆಂದು ಹೇಳುವುದು ಅವನಿಗೆ ನೀರು ಕುಡಿದಷ್ಟು ಸಲೀಸು. ಆದರೆ ಮಗಳು ತನ್ನ ಊರು ಯಾವುದೆಂದು ತಾನೇ ತೀರ್ಮಾನಿಸಿಬಿಟ್ಟಾಗ ಏನು ಹೇಳಬೇಕೆಂದು ಯಾವ ಪಟ್ಟಿಯಲ್ಲೂ ಬರೆದಿರಲಿಲ್ಲ.

ದ್ವೀಪದಲ್ಲಿದ್ದ ಒಂದೇ ರೆಸಾರ್ಟಿನವರು ಮದುವೆಯ ಅಂದಾಜು ಖರ್ಚು ಕಳಿಸಿಕೊಟ್ಟರು. ಅದನ್ನು ನೋಡಿದ ಟೈಮಣ್ಣ ಕನ್ನಡಕ ತೆಗೆದು ಒರೆಸಿ ಮತ್ತೆ ಹಾಕಿಕೊಂಡ. ಮೊತ್ತ ಬದಲಾಗಲಿಲ್ಲ. ಅವನೂ ಹೆಂಡತಿಯೂ ಮದುವೆಗೆಂದು ಕೂಡಿಟ್ಟಿದ್ದಕ್ಕಿಂತ ಮೂರು ಪಟ್ಟು ಹೆಚ್ಚಿತ್ತು. ಸಮುದ್ರದ ಅಂಚಿಗೆ ಹೂವಿನ ಕಮಾನು, ಹಾರುವ ಕ್ಯಾಮೆರಾ, ಸಂಜೆಗೆ ಬಾಣಬಿರುಸು, ಅತಿಥಿಗಳಿಗೆ ಹೆಸರು ಕೊರೆದ ಗಾಜಿನ ಲೋಟ.

“ಲೋಟದ ಮೇಲೆ ಹೆಸರು ಯಾಕಂತೆ? ಬಂದವರಿಗೆ ತಮ್ಮ ಹೆಸರು ಮರ್ತು ಹೋಗುತ್ತಾ?” ಎಂದಳು ಹೆಂಡತಿ. ಮನೆಯ ಮುಂದಿನ ಕೋಣೆಯಲ್ಲಿ ಅವಳ ಹೊಲಿಗೆ ಅಂಗಡಿ. ಶಾಲಾ ಮಕ್ಕಳ ಸಮವಸ್ತ್ರ ಹೊಲಿದು ಹೊಲಿದು, ಎಲ್ಲಿ ಬಟ್ಟೆ ಉಳಿಯುತ್ತದೆ ಎಲ್ಲಿ ಪೋಲಾಗುತ್ತದೆ ಎನ್ನುವುದು ಅವಳಿಗೆ ನೋಡಿದ ಕೂಡಲೇ ತಿಳಿಯುತ್ತಿತ್ತು.

ವಿಷಯ ಮಗಳ ಕಿವಿಗೂ ಬಿತ್ತು. ಫೋನ್ ಮಾಡಿ, “ಬಿಡಪ್ಪ, ಅಲ್ಲೇ ಹಾಲಲ್ಲಿ ಮಾಡೋಣ,” ಎಂದಳು. ಆ ದನಿಯಲ್ಲಿ ಸಿಟ್ಟಿರಲಿಲ್ಲ. ಸಿಟ್ಟಿದ್ದಿದ್ದರೆ ಟೈಮಣ್ಣ ಒಪ್ಪಿಬಿಡುತ್ತಿದ್ದನೇನೋ.

“ನಾನೇ ಒಂದ್ಸಲ ಹೋಗಿ ನೋಡ್ಕೊಂಡು ಬರ್ತೀನಿ,” ಎಂದ.

ಫೋನ್ ಇಟ್ಟ ಮೇಲೆ ಹೆಂಡತಿ ಕತ್ತರಿ ಕೆಳಗಿಟ್ಟಳು. “ರೀ, ಹೋಗೋದಾದ್ರೆ ನಿಮ್ಮಕ್ಕನ್ನೂ ಕರ್ಕೊಂಡು ಹೋಗಿ.”

“ಅಕ್ಕನ್ನಾ? ನನಗೇನು ಬೇರೆ ಕೆಲಸ ಇಲ್ವಾ?”

“ಮದುವೆ ದಿನ ಏನೇನು ಕೊಂಕು ತೆಗೀತಾರೋ ಅದನ್ನೆಲ್ಲ ಈಗಲೇ ತೆಗೆದುಬಿಡ್ಲಿ. ಅವರಿಗೆ ಸರಿ ಅನ್ಸಿದ್ರೆ ಮಿಕ್ಕ ನೂರು ಜನರಿಗೂ ಸರಿ ಅನ್ಸುತ್ತೆ.”

ಟೈಮಣ್ಣನ ಅಕ್ಕನಿಗೆ ನೆಂಟರ ನಡುವೆ ಇನ್‌ಸ್ಪೆಕ್ಟರ್ ಅತ್ತೆ ಎಂದೇ ಹೆಸರು. ಯಾರ ಮದುವೆಗೆ ಹೋದರೂ ಮೊದಲು ಅವಳ ಕಣ್ಣು ಹೋಗುತ್ತಿದ್ದದ್ದು ಮಂಟಪದ ಕಡೆಗಲ್ಲ, ಕುರ್ಚಿಗಳ ಕಡೆಗೆ. ಬೆನ್ನಿಗೆ ಆಸರೆ ಇಲ್ಲದ ಕುರ್ಚಿ, ಮೊಳೆ ಇಲ್ಲದ ಗೋಡೆ, ಚಿಲಕ ಕೂರದ ಬಚ್ಚಲು, ಆರಿದ ಕಾಫಿ, ಎಲ್ಲವೂ ಅವಳ ಬಾಯಲ್ಲಿ ಸುದ್ದಿಯಾಗುತ್ತಿದ್ದವು. ಅವಳು ಬರುವುದು ಕಂಡರೆ ಮದುವೆ ಮನೆಯವರು ಏನೋ ಕೆಲಸ ನೆನಪಾದವರಂತೆ ಒಳಗೆ ಸರಿಯುತ್ತಿದ್ದರು. ತಮ್ಮ ಬಂದು ಕರೆದಾಗ ಅವಳು ನಂಬಲಿಲ್ಲ.

“ನನ್ನನ್ನ ಯಾಕೋ? ನಾನು ಬರೀ ತಪ್ಪು ಹುಡುಕೋಳು ಅಂತೀರಲ್ಲ ಎಲ್ರೂ.”

“ಅದಕ್ಕೇ ಕರೀತಿರೋದು,” ಎಂದ ಟೈಮಣ್ಣ. ಅಕ್ಕ ಕ್ಷಣ ಅವನ ಮುಖ ನೋಡಿ, ಎದ್ದು ಹೋಗಿ ಚೀಲಕ್ಕೆ ಬಟ್ಟೆ ತುಂಬತೊಡಗಿದಳು.

ರೆಸಾರ್ಟ್ ದ್ವೀಪದ ಎತ್ತರದ ಗುಡ್ಡದ ಮೇಲಿತ್ತು. ಕೆಳಗಿನಿಂದ ಕಲ್ಲಿನ ಮೆಟ್ಟಿಲು. ಸೂಟು ಹಾಕಿದ್ದ ಮ್ಯಾನೇಜರ್ ನಗುನಗುತ್ತ ಕೋಣೆ ತೋರಿಸಿದ. ಕಡಲಿನ ನೋಟ ನಿಜಕ್ಕೂ ಕಣ್ಣು ತುಂಬುವಂತಿತ್ತು. ಅಕ್ಕ ಬಚ್ಚಲಿನತ್ತ ನೋಡಿದಳು. ಮಂಚದ ಪಕ್ಕದಲ್ಲೇ ಗಾಜಿನ ಗೋಡೆ, ಅದರಾಚೆ ಷವರ್.

“ಬಾಗಿಲೆಲ್ಲಪ್ಪ?”

“ಮೇಡಂ, ಇದು ಓಪನ್ ಕಾನ್ಸೆಪ್ಟ್.”

“ನಮ್ಮ ಮನೆತನದಲ್ಲಿ ಬಚ್ಚಲಿಗೆ ಬಾಗಿಲಿರೋದೇ ಕಾನ್ಸೆಪ್ಟ್,” ಎಂದಳು ಅಕ್ಕ.

ಆಮೇಲೆ ಮ್ಯಾನೇಜರ್ ಗುಡ್ಡದ ಕೆಳಗೆ ಮದುವೆ ನಡೆಯುವ ಹುಲ್ಲುಹಾಸಿಗೆ ಕರೆದೊಯ್ದ. ನೆರಳಿರಲಿಲ್ಲ. “ಇಲ್ಲಿ ಬಂದವರಿಗೆ ಬಚ್ಚಲು?” ಎಂದು ಅಕ್ಕ ಕೇಳಿದಾಗ ಮ್ಯಾನೇಜರ್ ಗುಡ್ಡದ ಮೇಲಿನ ಮುಖ್ಯ ಕಟ್ಟಡದತ್ತ ಕೈ ತೋರಿಸಿದ. ಅಕ್ಕ ಹೊರಟೇಬಿಟ್ಟಳು. ಅರ್ಧ ಮೆಟ್ಟಿಲು ಹತ್ತುವಷ್ಟರಲ್ಲಿ ಉಸಿರು ಸಿಗದೆ ಕುಳಿತಳು. ಟೈಮಣ್ಣ ಹಿಂದೆಯೇ ಬಂದು ಪಕ್ಕದಲ್ಲಿ ಕುಳಿತ.

“ಇದನ್ನೂ ಬೈತೀಯಾ?” ಎಂದು ತಮಾಷೆ ಮಾಡಿದ.

ಅಕ್ಕ ನಗಲಿಲ್ಲ. ಸೀರೆಯ ಸೆರಗಿನಿಂದ ಕುತ್ತಿಗೆ ಒರೆಸಿಕೊಂಡಳು.

“ನಿಮ್ಮ ಭಾವ ಕೊನೆಗೆ ಮದುವೆಗಳಿಗೆ ಹೋಗೋದೇ ಬಿಟ್ಟಿದ್ರು, ನೆನಪಿದೆಯಾ?”

“ಇದೆ. ಜನ ಅಂದ್ರೆ ಆಗಲ್ಲ ಅಂತಿದ್ರು.”

“ಜನ ಅಂದ್ರೆ ಪ್ರಾಣ ಅವರಿಗೆ. ಮೂತ್ರದ ತೊಂದರೆ ಇತ್ತು ಕಣೋ. ಗಳಿಗೆಗೊಂದ್ಸಲ ಹೋಗ್ಬೇಕು. ಯಾರಿಗೂ ಹೇಳ್ಬೇಡ ಅಂದಿದ್ರು. ಕೊನೇಸಲ ಹೋಗಿದ್ದ ಮದುವೇಲಿ ಬಚ್ಚಲು ಮೂರನೇ ಮಹಡೀಲಿತ್ತು. ಬೆಳಿಗ್ಗೆಯಿಂದ ಸಂಜೆವರೆಗೆ ಒಂದು ತೊಟ್ಟು ನೀರು ಕುಡೀಲಿಲ್ಲ. ಎಲೆ ಮುಂದೆ ಲೋಟ ತುಂಬಿ ಇಟ್ಟಿದ್ರು, ಅದನ್ನೇ ನೋಡ್ತಾ ಕೂತಿದ್ರು. ಯಾರೋ ಬಂದು ಯಾಕೆ ಭಾವ ನೀರು ಕುಡೀಲಿಲ್ಲ ಅಂದ್ರೆ, ಬಾಯಾರಿಕೆ ಇಲ್ಲ ಅಂದ್ರು. ಅವತ್ತೇ ಕೊನೆ.”

ಕೆಳಗೆ ಮ್ಯಾನೇಜರ್ ಗಡಿಯಾರ ನೋಡುತ್ತ ನಿಂತಿದ್ದ.

“ಕೇಳೋಕೆ ನಾಚ್ಕೊಳ್ಳೋರು ಎಲ್ಲ ಮದುವೇಲೂ ಇರ್ತಾರೆ,” ಎಂದಳು ಅಕ್ಕ. “ಅವರ ಪರವಾಗಿ ನಾನು ಬಾಯಿ ಮಾಡ್ತೀನಿ. ಬಜಾರಿ ಅಂದ್ರೆ ಅನ್ಲಿ.”

ಟೈಮಣ್ಣ ಅವಳ ಚೀಲ ತನ್ನ ಹೆಗಲಿಗೆ ಹಾಕಿಕೊಂಡ. ಇಳಿಯುವಾಗ ಅವನ ತಲೆಯಲ್ಲಿ ಖರ್ಚಿನ ಲೆಕ್ಕ ತಲೆಕೆಳಗಾಗಿ ನಿಂತಿತ್ತು. ಇಷ್ಟು ದಿನ ಅವನು ರೆಸಾರ್ಟಿನವರ ಪಟ್ಟಿಯಿಂದ ಏನೇನು ಕಿತ್ತುಹಾಕಬಹುದೆಂದು ಯೋಚಿಸುತ್ತಿದ್ದ. ಈಗ ಪಟ್ಟಿಯನ್ನೇ ಪಕ್ಕಕ್ಕಿಟ್ಟ. ಬಂದವರು ಎಲ್ಲಿ ಮಲಗುತ್ತಾರೆ, ಎಲ್ಲಿ ಕೂರುತ್ತಾರೆ, ಏನು ಉಣ್ಣುತ್ತಾರೆ, ಬಚ್ಚಲು ಎಷ್ಟು ಹತ್ತಿರ. ಮೊದಲು ಇವಕ್ಕೆ ದುಡ್ಡು. ಉಳಿದರೆ ಹೂವು.

ಭಾವೀ ಅಳಿಯ ಫೆರಿ ಬಂದು ನಿಲ್ಲುವ ಜೆಟ್ಟಿಯ ಬಳಿ ಕಾಯುತ್ತಿದ್ದ. ಉಗುರುಗಳ ಸಂದಿಯಲ್ಲಿ ಎಷ್ಟು ತೊಳೆದರೂ ಹೋಗದ ಎಂಜಿನ್ನಿನ ಕಪ್ಪು. ಮಾವನನ್ನು ಏನೆಂದು ಕರೆಯಬೇಕೆಂದು ಇನ್ನೂ ನಿರ್ಧರಿಸದೆ ಒಮ್ಮೆ ಸರ್ ಎಂದೂ ಒಮ್ಮೆ ಏನೂ ಅನ್ನದೆಯೂ ನಿಭಾಯಿಸುತ್ತಿದ್ದ.

“ಸರ್... ನರ್ಸಿಂಗ್ ಶಾಲೆ ಹಾಸ್ಟೆಲ್ ಒಂದಿದೆ. ಮದುವೆ ಹೊತ್ತಿಗೆ ರಜೆ, ಖಾಲಿ ಇರುತ್ತೆ. ನೋಡೋಕೆ ಅಷ್ಟು ಚೆನ್ನಾಗಿಲ್ಲ.”

“ಮೆಟ್ಟಿಲಿದೆಯಾ?” ಎಂದಳು ಅಕ್ಕ.

“ಕೆಳಗೇ ಅರ್ಧ ಕೋಣೆಗಳಿವೆ.”

“ನಡಿ.”

ಹಾಸ್ಟೆಲಿನ ಗೋಡೆಗಳ ಬಣ್ಣ ಹಳೆಯ ಆಸ್ಪತ್ರೆಯ ಹಸಿರು. ಒಂದು ಕಾಲಕ್ಕೆ ಅದು ಕಾಯಿಲೆಯಿಂದ ಎದ್ದವರು ಚೇತರಿಸಿಕೊಳ್ಳುವ ಮನೆಯಾಗಿತ್ತಂತೆ. ಹಾಗಾಗಿ ಪ್ರತಿ ಬಚ್ಚಲಲ್ಲೂ ಗೋಡೆಗೆ ಹಿಡಿಕೆ, ಹೊಸ್ತಿಲಿಲ್ಲದ ಬಾಗಿಲು, ಅಗಲವಾದ ಮೊಗಸಾಲೆ. ಅಕ್ಕ ಹಿಡಿಕೆಗಳನ್ನು ಒಂದೊಂದಾಗಿ ಎಳೆದು ನೋಡಿದಳು. ಅವಳ ಮುಖದಲ್ಲಿ ಟೈಮಣ್ಣ ಎಂದೂ ನೋಡಿರದ ಸಮಾಧಾನವಿತ್ತು.

ಆದರೆ ಹಾಸಿಗೆಗಳು ಕೆಟ್ಟಿದ್ದವು. ಅಕ್ಕ ಚಪ್ಪಲಿ ಬಿಟ್ಟು ಒಂದರ ಮೇಲೆ ಮಲಗಿದಳು. ಎದ್ದು ಇನ್ನೊಂದರ ಮೇಲೆ ಮಲಗಿದಳು. ವಾರ್ಡನ್, ಬೀಗದ ಕೈ ಗೊಂಚಲು ಹಿಡಿದ ಬಿಗಿ ಮುಖದ ಹೆಂಗಸು, ಹಿಂದೆ ಹಿಂದೆಯೇ ಬಂದಳು.

“ಇದರ ಮಧ್ಯೆ ಹಳ್ಳ ಇದೆ. ಇದರಲ್ಲಿ ಹತ್ತಿ ಎಲ್ಲ ಕಾಲ್ಕಡೆ ಸೇರ್ಕೊಂಡಿದೆ. ಇದರಲ್ಲಿ ಏನೋ ಚುಚ್ಚುತ್ತಮ್ಮ. ಮಕ್ಕಳು ಇದರ ಮೇಲೆ ಮಲಗಿ ಬೆಳಿಗ್ಗೆ ಎದ್ದು ಪಾಠ ಕೇಳ್ತಾರಾ?”

ವಾರ್ಡನ್ ಬೈಯುತ್ತಾಳೆಂದು ಟೈಮಣ್ಣ ಅಂದುಕೊಂಡಿದ್ದ. ಅವಳು ಬೈಯಲಿಲ್ಲ. “ಆರು ವರ್ಷದಿಂದ ಬರೀತಾ ಇದೀನಿ, ಹೊಸದು ಕೊಡಿ ಅಂತ. ಯಾರೂ ಬಂದು ಮಲಗಿ ನೋಡಿರ್ಲಿಲ್ಲ,” ಎಂದಳು. ದನಿ ಸ್ವಲ್ಪ ಸಡಿಲವಾಗಿತ್ತು.

ಟೈಮಣ್ಣನಿಗೆ ಅಲ್ಲಿಯೇ ಹೊಳೆಯಿತು. “ಮೇಡಂ, ನಾವು ಬಾಡಿಗೆ ಕೊಡೋ ಬದಲು ಹಾಸಿಗೆ ತಂದು ಹಾಕಿದ್ರೆ? ಮದುವೆಗೆ ನಾವು ಮಲಗ್ತೀವಿ. ಆಮೇಲೆ ಅವು ಇಲ್ಲೇ ಇರ್ತವೆ.”

ವಾರ್ಡನ್ ಮೇಲಿನವರನ್ನು ಕೇಳಬೇಕೆಂದಳು. ಕೇಳಿದಳು. ಬಾಡಿಗೆ ತಮ್ಮ ಕೈಗೆ ಬಾರದೆ ಮೇಲಕ್ಕೆ ಹೋಗುತ್ತದೆ, ಹಾಸಿಗೆ ಎಲ್ಲೂ ಹೋಗುವುದಿಲ್ಲ ಎಂದು ವಾದವನ್ನೂ ಮಾಡಿದಳಂತೆ. ವಾರದೊಳಗೆ ಒಪ್ಪಿಗೆ ಬಂತು. ಹಾಸಿಗೆಗಳಿಗೆ ಹೋದ ದುಡ್ಡು ರೆಸಾರ್ಟಿನವರು ಹೂವಿನ ಕಮಾನು ಮತ್ತು ಬಾಣಬಿರುಸಿಗೆಂದು ಕೇಳಿದ್ದಕ್ಕಿಂತ ಕಡಿಮೆಯಿತ್ತು. ಹೊದಿಕೆಗಳನ್ನು ಹೆಂಡತಿ ಸಗಟು ಬಟ್ಟೆ ತಂದು ಅಂಗಡಿಯಲ್ಲೇ ಹೊಲಿದಳು. ಊಟಕ್ಕೆ ಹಾಸ್ಟೆಲಿನ ಅಡುಗೆಯವರೇ ಒಪ್ಪಿಕೊಂಡರು. ಮದುವೆಗೆ ಜೆಟ್ಟಿಯ ಪ್ರಯಾಣಿಕರ ತಂಗುದಾಣ. ಮೇಲೆ ಸೂರು, ಮೂರು ಕಡೆ ಗಾಳಿ, ಎದುರಿಗೆ ಕಡಲು. ಅದಕ್ಕೆ ಫೆರಿಯವರು ಬಾಡಿಗೆ ಕೇಳಲಿಲ್ಲ, ಊಟಕ್ಕೆ ಕರೆದರೆ ಸಾಕೆಂದರು.

ಹಾಸ್ಟೆಲಿನಲ್ಲಿ ಬಿಸಿನೀರು ಒಮ್ಮೆಗೆ ಕೆಲವರಿಗಷ್ಟೇ ಸಾಲುತ್ತಿತ್ತು. ಟೈಮಣ್ಣ ಕುಳಿತು ಯಾರು ಯಾವ ರೈಲಿಗೆ ಬರಬೇಕು, ಯಾವ ಫೆರಿ ಹತ್ತಬೇಕು, ಯಾವ ಕೋಣೆಯವರು ಯಾವ ಹೊತ್ತಿಗೆ ಸ್ನಾನ ಮಾಡಬೇಕು ಎಂದು ಹಂಚಿದ. ಬಹಳ ದಿನಗಳ ಮೇಲೆ ಅವನ ಪೆನ್ಸಿಲ್ಲಿಗೆ ಕೆಲಸ ಸಿಕ್ಕಿತ್ತು. ಹೆಂಡತಿ ಇಣುಕಿ ನೋಡಿ, “ಉಸಿರಾಡೋಕೆ ಟೈಮ್ ಕೊಟ್ಟಿದ್ದೀರಾ?” ಎಂದಳು.

ಜಗಳವಾದದ್ದು ಈಚೆ ದಡದ ವಿಷಯಕ್ಕೆ. ಫೆರಿ ಹತ್ತುವ ಕಡೆ ಮುಚ್ಚಿದ್ದ ಒಂದು ಕ್ಯಾಂಟೀನಿತ್ತು. ಮದುವೆಯ ದಿನಕ್ಕೆ ಅದನ್ನು ಬಾಡಿಗೆಗೆ ಹಿಡಿದು ಕುರ್ಚಿ, ಒಲೆ, ಅಡುಗೆಯವರನ್ನು ಇಡಬೇಕೆಂದು ಅಕ್ಕ ಹಟ ಹಿಡಿದಳು.

“ಹತ್ತು ನಿಮಿಷ ಕಾಯೋಕೆ ಕ್ಯಾಂಟೀನ್ ಯಾಕೆ? ರೈಲಿಳೀತಾರೆ, ಫೆರಿ ಹತ್ತುತಾರೆ. ಎಲ್ಲ ಕೂಡಿಸಿ ಇಟ್ಟಿದ್ದೀನಿ.”

“ನಿನ್ನ ಬಸ್ಸು ಯಾವತ್ತಾದ್ರೂ ಟೈಮಿಗೆ ಬಂದಿತ್ತೇನೋ?”

ಟೈಮಣ್ಣನಿಗೆ ಇದು ನಾಟಿತು. ಹೆಂಡತಿ ಬಾಯಿಗೆ ಬಟ್ಟೆ ಒತ್ತಿಕೊಂಡು ಒಳಗೆ ಹೋದಳು. ಆದರೂ ಡಿಪೋದಲ್ಲಿ ಅವನು ಯಾವಾಗಲೂ ಒಂದು ಬಸ್ಸನ್ನು ಯಾವ ದಾರಿಗೂ ಹಾಕದೆ ಸುಮ್ಮನೆ ನಿಲ್ಲಿಸಿರುತ್ತಿದ್ದದ್ದು ನಿಜ. ಮದುವೆಯ ದುಡ್ಡಿನಲ್ಲೂ ಹಾಗೆಯೇ ಒಂದು ಪಾಲನ್ನು ಹೆಸರಿಡದೆ ತೆಗೆದಿಟ್ಟಿದ್ದ. ಗೊಣಗುತ್ತಲೇ ಅದರಿಂದ ಕ್ಯಾಂಟೀನಿಗೆ ಮುಂಗಡ ಕೊಟ್ಟ.

ಮದುವೆಯ ಹಿಂದಿನ ದಿನ ಹತ್ತಿರದ ನೆಂಟರು, ಹೆಂಡತಿ, ಮಗಳು ದ್ವೀಪದಲ್ಲಿದ್ದರು. ಉಳಿದ ಬಹುಪಾಲು ಜನ ಮದುವೆಯ ಬೆಳಿಗ್ಗೆಯ ರೈಲಿಗೆ ಬಂದಿಳಿದರು. ಟೈಮಣ್ಣ ಮತ್ತು ಅಕ್ಕ ಅವರನ್ನು ಎದುರುಗೊಳ್ಳಲು ಈಚೆ ದಡದಲ್ಲೇ ಉಳಿದಿದ್ದರು. ರೈಲು ಸರಿಯಾದ ಹೊತ್ತಿಗೆ ಬಂತು. ಟೈಮಣ್ಣ ಅಕ್ಕನತ್ತ ಗೆಲುವಿನ ನೋಟ ಬೀರಿದ. ಅಷ್ಟರಲ್ಲಿ ಫೋನ್ ಬಂತು.

“ಅಪ್ಪ,” ಎಂದಳು ಮಗಳು. “ಕೆಂಪು ಬಾವುಟ ಹಾಕಿದ್ದಾರೆ. ಗಾಳಿ ಜಾಸ್ತಿ. ಯಾವ ಫೆರಿಯೂ ಬಿಡೋ ಹಾಗಿಲ್ಲ.”

“ಎಷ್ಟು ಹೊತ್ತು?”

“ಗಾಳಿಗೆ ನಿನ್ನ ಹಾಗೆ ಟೈಮ್‌ಟೇಬಲ್ ಇಲ್ವಲ್ಲಪ್ಪ.”

ನಗಿಸಲು ಹೇಳಿದ್ದಳು. ಆದರೆ ಅವನಿಗೆ ನಗು ಬರಲಿಲ್ಲ. ಮದುವೆ ಮಾಡಿಸಬೇಕಾದ ನೋಂದಣಿ ಅಧಿಕಾರಿಣಿಯೂ ಈಚೆ ದಡದಲ್ಲೇ ಸಿಕ್ಕಿಬಿದ್ದಿದ್ದಳು.

ಟೈಮಣ್ಣ ಫೋನ್ ಇಳಿಸಿ ಸುತ್ತ ನೋಡಿದ. ಪೆಟ್ಟಿಗೆ ಹಿಡಿದ ಜನ, ಅಳುವ ಕೂಸುಗಳು, ಜೆಟ್ಟಿಗೆ ಬಡಿಯುವ ಅಲೆ. ಅಕ್ಕ ಅವನ ಮುಖ ನೋಡಿ ವಿಷಯ ತಿಳಿದುಕೊಂಡಳು. ಕ್ಯಾಂಟೀನಿನ ಬಾಗಿಲು ಪೂರ್ತಿ ತೆರೆಸಿದಳು.

“ಎಲ್ರೂ ಒಳಗೆ ಬನ್ನಿ. ಕುರ್ಚಿ ಇವೆ. ಬಚ್ಚಲು ಬಲಗಡೆ, ಅಲ್ಲೇ ಪಕ್ಕದಲ್ಲಿ. ಕೂಸುಗಳನ್ನ ಹಿಂದಿನ ಕೋಣೇಲಿ ಮಲಗಿಸಿ, ಚಾಪೆ ಹಾಸಿದೆ. ಕಾಫಿ ಬರುತ್ತೆ.”

ಟೈಮಣ್ಣ ತೆಗೆದಿಟ್ಟ ದುಡ್ಡಿನಲ್ಲಿ ಉಳಿದದ್ದನ್ನೂ ಬಿಚ್ಚಿದ. ಪೇಟೆಯಿಂದ ದಿನಸಿ ಬಂತು, ಒಲೆಯ ಮೇಲೆ ದೊಡ್ಡ ಪಾತ್ರೆ ಏರಿತು. ಮಧ್ಯಾಹ್ನದ ಹೊತ್ತಿಗೆ ಕ್ಯಾಂಟೀನು ಮದುವೆ ಮನೆಯೇ ಆಗಿಹೋಗಿತ್ತು. ಎಷ್ಟೋ ವರ್ಷಗಳಿಂದ ಮಾತು ಬಿಟ್ಟಿದ್ದ ಇಬ್ಬರು ಷಡ್ಡಕರು ಒಂದೇ ಬೆಂಚಿನ ಮೇಲೆ ಇಸ್ಪೀಟಾಡುತ್ತಿದ್ದರು. ನೋಂದಣಿ ಅಧಿಕಾರಿಣಿ ಎರಡನೇ ಸಲ ಬಡಿಸಿಕೊಂಡಳು. ಡಿಪೋದ ಹಳೆಯ ಮೆಕ್ಯಾನಿಕ್, ಈಗ ಊರುಗೋಲಿಲ್ಲದೆ ನಡೆಯಲಾರದವನು, ಬಂದಾಗಿನಿಂದ ಬಾಗಿಲ ಬಳಿ ಮುದುರಿ ಕುಳಿತಿದ್ದ. ಒಮ್ಮೆ ಎದ್ದು ಬಲಗಡೆ ಹೋಗಿಬಂದ. ಆಮೇಲೆ ಲೋಟ ಮುಂದೆ ಚಾಚಿ, “ಅಕ್ಕ, ಇನ್ನೊಂದು ಲೋಟ ನೀರು,” ಎಂದ. ಅಕ್ಕ ತುಂಬಿಸಿ ಕೊಟ್ಟಳು. ಅವನು ಕುಡಿದು ಮುಗಿಸುವವರೆಗೂ ಅಲ್ಲೇ ನಿಂತಿದ್ದಳು.

ಗಾಳಿ ಇಳಿದಾಗ ಸಂಜೆಯಾಗಲು ಹೆಚ್ಚು ಹೊತ್ತಿರಲಿಲ್ಲ. ಕತ್ತಲಾಗುವ ಮೊದಲು ಇಷ್ಟು ಜನರನ್ನು ದಾಟಿಸಬೇಕಾದರೆ ಎರಡು ಫೆರಿ ಬೇಕು. ಆ ದಿನ ದ್ವೀಪದಲ್ಲಿ ದೊಡ್ಡ ಫೆರಿ ಓಡಿಸುವ ಪರವಾನಗಿ ಇದ್ದವರು ಇಬ್ಬರೇ. ಒಬ್ಬ, ನಿವೃತ್ತಿಗೆ ಬಂದಿದ್ದ ಹಿರಿಯ ಕ್ಯಾಪ್ಟನ್. ಇನ್ನೊಬ್ಬರು ಯಾರೆಂದು ಟೈಮಣ್ಣನಿಗೆ ಗೊತ್ತಿತ್ತು, ಆದರೂ ಆ ದಿನ ಅವರೇ ಬರಬಹುದೆಂದು ಅವನು ಯೋಚಿಸಿರಲಿಲ್ಲ.

ಎರಡನೇ ಫೆರಿ ಜೆಟ್ಟಿಗೆ ಬಂದು ನಿಂತಾಗ ಮೊದಲು ಗುರುತಿಸಿದವರು ಮಕ್ಕಳು. “ಮದುಮಗಳು ಓಡಿಸ್ತಿದ್ದಾಳೆ” ಎಂದು ಕೂಗಿದರು. ಚುಕ್ಕಾಣಿ ಕೋಣೆಯ ಗಾಜಿನ ಹಿಂದೆ ಮಗಳು ಮದುವೆಯ ಬಟ್ಟೆಯ ಮೇಲೆ ಕೆಲಸದ ನೀಲಿ ಜಾಕೆಟ್ ಹಾಕಿ ನಿಂತಿದ್ದಳು. ಮುಡಿದಿದ್ದ ಹೂವೆಲ್ಲ ಗಾಳಿಗೆ ಕೆದರಿತ್ತು. ಹಗ್ಗ ಎಸೆದವನು ಮದುಮಗ.

ಇಪ್ಪತ್ತೊಂಬತ್ತು ವರ್ಷದ ಮಗಳು ಕೆಲಸ ಮಾಡುವುದನ್ನು ಟೈಮಣ್ಣ ಅಂದೇ ಮೊದಲು ಹತ್ತಿರದಿಂದ ನೋಡಿದ. ಅವಳು ಅವನನ್ನು ಕೋಣೆಯೊಳಗೆ ಕರೆದು ಪಕ್ಕದ ಸ್ಟೂಲಿನ ಮೇಲೆ ಕೂರಿಸಿಕೊಂಡಳು. ಕಣ್ಣು ನೀರಿನ ಮೇಲಿತ್ತು, ಕೈ ಸನ್ನೆಗೋಲಿನ ಮೇಲೆ. ದೊಡ್ಡ ಅಲೆ ಬಂದಾಗ ಫೆರಿಯ ಮೂತಿಯನ್ನು ಸ್ವಲ್ಪವೇ ತಿರುಗಿಸಿ ಅದನ್ನು ಅಲೆಯ ಮೇಲೆ ನಯವಾಗಿ ಹತ್ತಿಸಿ ಇಳಿಸಿದಳು. ಕೆಳಗೆ ಕುಳಿತವರ ಕಾಫಿ ತುಳುಕಲಿಲ್ಲ.

“ಮದುವೆ ದಿನವೂ ಡ್ಯೂಟಿ ಆಯ್ತಲ್ಲಮ್ಮ,” ಎಂದ.

“ನಮ್ಮ ಮನೆಗೆ ಬರೋರನ್ನ ನಾನೇ ಕರ್ಕೊಂಡು ಹೋಗ್ತಾ ಇದೀನಿ. ಇದಕ್ಕಿಂತ ಏನು ಬೇಕಪ್ಪ?”

ನಮ್ಮ ಮನೆ ಎಂದು ಅವಳು ಹೇಳಿದ್ದು ಎದುರಿನ ದಡವನ್ನು. ಕೆಲವು ತಿಂಗಳ ಹಿಂದಾಗಿದ್ದರೆ ಆ ಮಾತು ಅವನನ್ನು ಚುಚ್ಚುತ್ತಿತ್ತು. ಈಗ ಅಲ್ಲಿ ತಂಗುದಾಣದ ದೀಪಗಳು ಹತ್ತುತ್ತಿದ್ದವು. ಹೆಂಡತಿ ಬೀಗಿತ್ತಿಯ ಜೊತೆ ಅಂಚಿಗೆ ಬಂದು ನಿಂತು ಕೈ ಬೀಸುತ್ತಿದ್ದಳು.

ಮದುವೆ ಬೆಳಿಗ್ಗೆಯ ಬದಲು ಮುಸ್ಸಂಜೆಗೆ ಆಯಿತು. ನೋಂದಣಿ ಅಧಿಕಾರಿಣಿ ಹೇಳಿದ ಕಡೆ ಇಬ್ಬರೂ ರುಜು ಹಾಕಿದರು. ಮಗಳು ಜಾಕೆಟ್ ತೆಗೆಯಲು ಹೋದಾಗ ಹುಡುಗನ ತಾಯಿ, “ಇರ್ಲಿ ಬಿಡಮ್ಮ, ನಾವೆಲ್ಲ ನಿನ್ನ ಗುರುತು ಹಿಡಿಯೋದೇ ಅದರಲ್ಲಿ,” ಎಂದಳು. ಅಳಿಯ ಟೈಮಣ್ಣನ ಕೈ ಹಿಡಿದು ಮೊದಲ ಸಲ “ಮಾವ” ಎಂದ. ಎಂದ ಮೇಲೆ ಏನು ಹೇಳಬೇಕೆಂದು ತೋಚದೆ ಮತ್ತೊಮ್ಮೆ “ಮಾವ” ಎಂದ. ಊಟಕ್ಕೆ ದ್ವೀಪದವರೂ ನೆಂಟರೂ ಉದ್ದನೆಯ ಮೇಜುಗಳಲ್ಲಿ ಬೆರೆತು ಕುಳಿತರು. ಯಾರ ಕಡೆಯವರು ಯಾರು ಎಂದು ಕೇಳುವ ಗೋಜಿಗೆ ಯಾರೂ ಹೋಗಲಿಲ್ಲ.

ಬೆಳಿಗ್ಗೆ ಟೈಮಣ್ಣ ಎದ್ದು ಹೊರಬಂದಾಗ ಸ್ನಾನದ ಸರದಿ ಅದರ ಪಾಡಿಗೆ ಅದು ನಡೆದಿತ್ತು. ಯಾರಿಗೂ ಅವನು ಬೇಕಾಗಿರಲಿಲ್ಲ. ನೆಂಟರು ಮೊಗಸಾಲೆಯ ಕಟ್ಟೆಯ ಮೇಲೆ ಕಾಲು ಇಳಿಬಿಟ್ಟು ಕುಳಿತು ಕಡಲು ನೋಡುತ್ತಿದ್ದರು. ಚೆನ್ನಾಗಿ ನಿದ್ದೆ ಮಾಡಿದವರ ಮುಖ ಎಲ್ಲರದೂ. ಹೆಂಡತಿ ಎರಡು ಲೋಟ ಕಾಫಿ ಹಿಡಿದು ಬಂದು ಪಕ್ಕದಲ್ಲಿ ಕುಳಿತಳು.

“ನಿಮ್ಮಕ್ಕ ನಮ್ಮ ಜೊತೆ ಬರ್ತಿಲ್ವಂತೆ,” ಎಂದಳು. “ಬೀಗಿತ್ತಿ ಇನ್ನೊಂದು ವಾರ ಇರಿ ಅಂದ್ರಂತೆ.”

“ಅಕ್ಕ ಒಪ್ಪಿದ್ಳಾ?”

ಹೆಂಡತಿ ಕಡಲ ದಂಡೆಯತ್ತ ಗಲ್ಲ ಎತ್ತಿ ತೋರಿಸಿದಳು. ಅಲ್ಲಿ ಇಬ್ಬರು ವಯಸ್ಸಾದ ಹೆಂಗಸರು ಸೀರೆಯನ್ನು ಮೊಣಕಾಲಿನವರೆಗೆ ಎತ್ತಿ ಹಿಡಿದು ನೀರಿಗಿಳಿದಿದ್ದರು. ಅಲೆ ಬಂದಾಗಲೆಲ್ಲ ಒಬ್ಬರ ತೋಳು ಒಬ್ಬರು ಹಿಡಿದುಕೊಂಡು ಹಿಂದೆ ಸರಿಯುತ್ತಿದ್ದರು, ಮತ್ತೆ ಮುಂದೆ ಹೋಗುತ್ತಿದ್ದರು. ಏನು ಮಾತಾಡುತ್ತಿದ್ದರೋ ಕೇಳಿಸಲಿಲ್ಲ. ಅಕ್ಕನ ನಗು ಮಾತ್ರ ಗಾಳಿಯಲ್ಲಿ ತೇಲಿ ಹಾಸ್ಟೆಲಿನವರೆಗೂ ಬರುತ್ತಿತ್ತು.